ವಿಎಫ್‌ಎಕ್ಸ್ ಮೇಜಿನಿಂದ ನಿರ್ದೇಶನದ ಕಡೆಗೆ: ಪದೇ ಪದೇ ಕೇಳುವ ಪ್ರಶ್ನೆಗಳು

ಬೆಂಗಳೂರಿನ ವಿಎಫ್‌ಎಕ್ಸ್ (ವಿಷುವಲ್ ಎಫೆಕ್ಟ್ಸ್, ಅಂದರೆ ತಂತ್ರದಿಂದ ಹುಟ್ಟಿಸುವ ದೃಶ್ಯಗಳ ಕೆಲಸ) ಸ್ಟುಡಿಯೊಗಳಲ್ಲಿ 11 ವರ್ಷ ಕಂಪೋಸಿಟರ್ (ಬೇರೆ ಬೇರೆ ಚಿತ್ರಣಗಳನ್ನು ಒಂದೇ ಶಾಟ್ ಆಗಿ ಬೆಸೆಯುವವ) ಆಗಿ ದುಡಿದು, ಅದರ ನಡುವೆಯೂ ಆಮೇಲೂ ಮೂರು ಕಿರುಚಿತ್ರಗಳನ್ನು ನಿರ್ದೇಶಿಸಿದ ನನಗೆ ಕಿರಿಯ ಕಲಾವಿದರಿಂದ ಕೆಲವು ಪ್ರಶ್ನೆಗಳು ಮತ್ತೆ ಮತ್ತೆ ಬರುತ್ತವೆ. ಊಟದ ವೇಳೆಯಲ್ಲಿ, ಪತ್ರಗಳಲ್ಲಿ, ಕಾರ್ಯಾಗಾರಗಳಲ್ಲಿ ಅವರು ಕೇಳಿದ್ದನ್ನು ಆದಷ್ಟು ಅವರ ಮಾತಿನಲ್ಲೇ ಇಲ್ಲಿ ಬರೆದುಕೊಂಡಿದ್ದೇನೆ. ಸುಲಭದ ಪ್ರಶ್ನೆಗಳು ಮೊದಲು ಬರುತ್ತವೆ. ಚಿತ್ರವೊಂದನ್ನು ಕೈಗೆತ್ತಿಕೊಂಡವರಿಗೆ ಎದುರಾಗುವ ಪ್ರಶ್ನೆಗಳು ಕೊನೆಯಲ್ಲಿವೆ.

## ಆರಂಭದಲ್ಲಿರುವವರಿಗೆ

ವಿಎಫ್‌ಎಕ್ಸ್‌ನಿಂದ ಹೋಗಿ ನಿಜವಾಗಿ ನಿರ್ದೇಶಕರಾದವರು ಇದ್ದಾರಾ, ಇಲ್ಲ ಒಬ್ಬಿಬ್ಬರ ಕಥೆಯನ್ನೇ ಎಲ್ಲರೂ ಹೇಳುತ್ತಾರಾ?

ಇದ್ದಾರೆ, ಒಬ್ಬಿಬ್ಬರಿಗಿಂತ ಹೆಚ್ಚೇ ಇದ್ದಾರೆ. ಜೇಮ್ಸ್ ಕ್ಯಾಮರೂನ್ ಅವರು ನಿರ್ಮಾಪಕ ರೋಜರ್ ಕಾರ್ಮನ್ ಅವರ ಕಂಪನಿಯಲ್ಲಿ ಬಾಹ್ಯಾಕಾಶ ನೌಕೆಗಳ ಪುಟ್ಟ ಮಾದರಿಗಳನ್ನು ಕಟ್ಟುತ್ತಿದ್ದವರು. 1984ರಲ್ಲಿ ‘ದಿ ಟರ್ಮಿನೇಟರ್’ ಮಾಡಿದರು. ಜೋ ಜಾನ್‌ಸ್ಟನ್ ಅವರು ಇಂಡಸ್ಟ್ರಿಯಲ್ ಲೈಟ್ ಅಂಡ್ ಮ್ಯಾಜಿಕ್ ಸ್ಟುಡಿಯೊದಲ್ಲಿದ್ದುಕೊಂಡು ‘ರೇಡರ್ಸ್ ಆಫ್ ದಿ ಲಾಸ್ಟ್ ಆರ್ಕ್’ ಚಿತ್ರದ ವಿಷುವಲ್ ಎಫೆಕ್ಟ್ಸ್‌ಗಾಗಿ ಆಸ್ಕರ್ ಪಡೆದು, 1989ರಲ್ಲಿ ‘ಹನಿ, ಐ ಶ್ರಂಕ್ ದಿ ಕಿಡ್ಸ್’ ಮೂಲಕ ನಿರ್ದೇಶಕರಾದರು. ಅದೇ ಸ್ಟುಡಿಯೊದಲ್ಲಿ ಕ್ಯಾಮೆರಾ ಸಹಾಯಕರಾಗಿದ್ದ ಡೇವಿಡ್ ಫಿಂಚರ್ ಅವರು ಜಾಹೀರಾತು ಮತ್ತು ಹಾಡುಗಳ ವಿಡಿಯೊಗಳ ದಾರಿ ಹಿಡಿದು ಚಲನಚಿತ್ರಕ್ಕೆ ಬಂದರು. ಈಚಿನವರಲ್ಲಿ ದಕ್ಷಿಣ ಆಫ್ರಿಕಾ ಮೂಲದ ನೀಲ್ ಬ್ಲೋಮ್‌ಕ್ಯಾಂಪ್, ಇಂಗ್ಲೆಂಡಿನ ಗರೆತ್ ಎಡ್ವರ್ಡ್ಸ್, ಜಪಾನಿನ ತಕಾಶಿ ಯಮಾಜಾಕಿ ಅವರ ಹೆಸರುಗಳು ಮುಖ್ಯವಾದವು.

ಆದರೆ ಒಂದು ದೊಡ್ಡ ಚಿತ್ರ ಮುಗಿದಾಗ ತೆರೆಯ ಮೇಲೆ ನೂರಾರು ಕಲಾವಿದರ ಹೆಸರು ಹರಿದುಹೋಗುತ್ತದೆ. ಅವರಲ್ಲಿ ನಿರ್ದೇಶನಕ್ಕೆ ದಾಟುವವರು ಬೆರಳೆಣಿಕೆಯವರು. ದಾಟಿದವರಲ್ಲಿ ನಾನು ಗಮನಿಸಿದ ಒಂದು ಸಂಗತಿಯೆಂದರೆ, ಯಾರೂ ಸ್ಟುಡಿಯೊದೊಳಗಿನ ಬಡ್ತಿಯ ಮೂಲಕ ನಿರ್ದೇಶಕರಾಗಲಿಲ್ಲ. ಸೂಪರ್‌ವೈಸರ್ ಹುದ್ದೆಯ ಮೇಲಿನ ಮೆಟ್ಟಿಲು ನಿರ್ದೇಶನವಲ್ಲ; ಅದು ಬೇರೆಯೇ ಮನೆಯ ಬಾಗಿಲು.

ನಮ್ಮ ದೇಶದಲ್ಲಿ ಹೀಗೆ ಬಂದವರು ಯಾರಾದರೂ ಇದ್ದಾರೆಯೇ?

ಭಾರತೀಯ ಚಿತ್ರರಂಗ ಆರಂಭವಾದದ್ದೇ ಹೀಗೆ ಎಂದರೆ ತಪ್ಪಾಗದು. ದಾದಾಸಾಹೇಬ್ ಫಾಲ್ಕೆಯವರು ಛಾಯಾಗ್ರಹಣ, ಮುದ್ರಣ ಮತ್ತು ಜಾದೂ ಮೂರನ್ನೂ ಬಲ್ಲವರಾಗಿದ್ದರು. ‘ರಾಜಾ ಹರಿಶ್ಚಂದ್ರ’ಕ್ಕೆ ಹಣ ಹೊಂದಿಸುವ ಮೊದಲು ಅವರು ಬಟಾಣಿ ಕಾಳೊಂದು ಮೊಳೆತು ಗಿಡವಾಗುವುದನ್ನು ಫ್ರೇಮ್ ಫ್ರೇಮಾಗಿ ಸೆರೆಹಿಡಿದು, ಆ ತುಣುಕನ್ನು ಹಣ ಹೂಡುವವರಿಗೆ ತೋರಿಸಿದರು. ಇಂದು ನಾವು ಟೈಮ್‌ಲ್ಯಾಪ್ಸ್ ಎನ್ನುವ ತಂತ್ರವೇ ಅವರ ಮೊದಲ ಸಾಕ್ಷ್ಯಪತ್ರವಾಯಿತು.

ಬಾಬುಭಾಯಿ ಮಿಸ್ತ್ರಿಯವರು ಕಪ್ಪು ಪರದೆಯ ಮುಂದೆ ಕಪ್ಪು ದಾರ ಕಟ್ಟಿ ವಸ್ತುಗಳನ್ನು ತಾನಾಗಿ ಚಲಿಸುವಂತೆ ತೋರಿಸಿ ‘ಕಾಲಾ ಧಾಗಾ’ ಎಂಬ ಅಡ್ಡಹೆಸರು ಪಡೆದಿದ್ದರು. ಮುಂದೆ ಅವರೇ ‘ಸಂಪೂರ್ಣ ರಾಮಾಯಣ’ (1961) ಮತ್ತು ‘ಪಾರಸ್‌ಮಣಿ’ (1963) ಚಿತ್ರಗಳ ನಿರ್ದೇಶಕರಾದರು. ತೆಲುಗಿನ ‘ಸೀತಾರಾಮ ಕಲ್ಯಾಣಂ’ ಚಿತ್ರದ ಟ್ರಿಕ್ ಛಾಯಾಗ್ರಹಣದಿಂದ ಹೆಸರಾದ ರವಿಕಾಂತ್ ನಗಾಯಿಚ್ ಅವರು 1967ರಲ್ಲಿ ‘ಫರ್ಜ್’ ನಿರ್ದೇಶಿಸಿದರು. ನಮ್ಮ ಉಡುಪಿ ಸೀಮೆಯ ಬಿ. ವಿಠಲಾಚಾರ್ಯರು ಟ್ರಿಕ್ ಕಲಾವಿದರಲ್ಲ, ನಿರ್ಮಾಪಕ-ನಿರ್ದೇಶಕರು. ಆದರೂ ಕನ್ನಡದಲ್ಲಿ ಆರಂಭಿಸಿ ತೆಲುಗಿನಲ್ಲಿ ಜಾನಪದ ಚಿತ್ರಗಳ ಬ್ರಹ್ಮ ಎನಿಸಿಕೊಂಡ ಅವರು ಕಡಿಮೆ ಹಣದಲ್ಲಿ ಟ್ರಿಕ್ ಶಾಟ್‌ಗಳನ್ನು ಕಥೆಗೆ ಹೇಗೆ ದುಡಿಸಿಕೊಂಡರು ಎಂಬುದನ್ನು ನಮ್ಮ ಪ್ರತಿಯೊಬ್ಬ ಕಲಾವಿದನೂ ಕುಳಿತು ನೋಡಬೇಕು.

ನಾನು ಮೂರು ವರ್ಷದಿಂದ ರೋಟೊ (ಫ್ರೇಮ್ ಫ್ರೇಮಾಗಿ ಅಂಚಿಗೆ ಗೆರೆ ಎಳೆದು ಆಕೃತಿಯನ್ನು ಬೇರ್ಪಡಿಸುವ ಕೆಲಸ) ಮಾತ್ರ ಮಾಡುತ್ತಿದ್ದೇನೆ. ಇದರಿಂದ ನಿರ್ದೇಶನಕ್ಕೆ ಏನು ಉಪಯೋಗ?

ನೀವು ಭಾವಿಸಿರುವುದಕ್ಕಿಂತ ಹೆಚ್ಚಿನ ಉಪಯೋಗವಿದೆ. ನಟಿಯೊಬ್ಬರು ತಲೆ ತಿರುಗಿಸುವಾಗ ಮೊದಲು ಕಣ್ಣು ಚಲಿಸುತ್ತದೆ, ಆಮೇಲೆ ಗಲ್ಲ, ಕೊನೆಗೆ ಭುಜ ಎಂಬುದನ್ನು ನೀವು ಪ್ರತಿ ಫ್ರೇಮಿನಲ್ಲೂ ಗೆರೆ ಎಳೆದು ಕಂಡಿದ್ದೀರಿ. ಮಾತು ಹೊರಡುವ ಎಷ್ಟು ಫ್ರೇಮ್‌ಗಳ ಮೊದಲು ಉಸಿರು ಬರುತ್ತದೆ ಎಂಬುದನ್ನು ಬಹಳಷ್ಟು ನಿರ್ದೇಶಕರೂ ಅಷ್ಟು ಹತ್ತಿರದಿಂದ ನೋಡಿರುವುದಿಲ್ಲ.

ಕೊರತೆ ಇರುವುದು ಬೇರೆ ಕಡೆ. ನಮಗೆ ಬರುವ ಶಾಟ್ ಸಾಮಾನ್ಯವಾಗಿ ಮೂರರಿಂದ ಐದು ಸೆಕೆಂಡಿನದು, ಅಂದರೆ 72ರಿಂದ 120 ಫ್ರೇಮ್. ಅದರ ಹಿಂದೆ ಏನಿತ್ತು, ಮುಂದೆ ಏನು ಬರುತ್ತದೆ ಎಂಬುದು ತಿಳಿಯದೆಯೇ ನಾವು ವಾರಗಟ್ಟಲೆ ಅದರೊಳಗೆ ವಾಸಿಸುತ್ತೇವೆ. ಹೀಗಾಗಿ ಶಾಟ್‌ನ ಬಗ್ಗೆ ನಮ್ಮ ಕಣ್ಣು ಸೂಕ್ಷ್ಮವಾಗುತ್ತದೆ, ದೃಶ್ಯದ ಬಗ್ಗೆ ಕುರುಡಾಗಿಯೇ ಉಳಿಯುತ್ತದೆ. ನಿಮ್ಮ ಲೀಡ್ (ತಂಡದ ಮುಖ್ಯಸ್ಥರು) ಬಳಿ ಆ ದೃಶ್ಯದ ಪೂರ್ತಿ ಕಟ್ ನೋಡಲು ಅವಕಾಶ ಕೇಳಿ. ಸಿಗದಿದ್ದರೆ ಚಿತ್ರ ಬಿಡುಗಡೆಯಾದ ಮೇಲೆ ನೀವು ಮಾಡಿದ ಶಾಟ್‌ನ ಹಿಂದೆ ಮತ್ತು ಮುಂದೆ ಐದೈದು ನಿಮಿಷ ನೋಡಿ, ಆ ಶಾಟ್ ಅಲ್ಲಿ ಏಕಿದೆ ಎಂದು ಒಂದು ವಾಕ್ಯ ಬರೆಯಿರಿ. ಎರಡು ವರ್ಷ ನಾನು ಈ ಅಭ್ಯಾಸ ಇಟ್ಟುಕೊಂಡಿದ್ದೆ. ಕೆಲವು ಶಾಟ್‌ಗಳಿಗೆ ಆ ಒಂದು ವಾಕ್ಯವೂ ಹುಟ್ಟಲಿಲ್ಲ, ಅದೂ ಒಂದು ಪಾಠವೇ.

ನಿರ್ದೇಶಕನಾಗಬೇಕು ಅಂದರೆ ವಿಎಫ್‌ಎಕ್ಸ್‌ನಲ್ಲಿ ಯಾವ ವಿಭಾಗ ಒಳ್ಳೆಯದು?

ಪ್ರೀವಿಸ್ ಎಲ್ಲಕ್ಕಿಂತ ಹತ್ತಿರದ್ದು. ಚಿತ್ರೀಕರಣಕ್ಕೆ ಮೊದಲೇ ದೃಶ್ಯವನ್ನು ಒರಟು ತ್ರೀಡಿ ರೂಪದಲ್ಲಿ ಕಟ್ಟುವ ಆ ಕೆಲಸದಲ್ಲಿ ಲೆನ್ಸ್, ಕ್ಯಾಮೆರಾದ ಎತ್ತರ, ಶಾಟ್‌ನ ಉದ್ದ, ಕಟ್ ಬೀಳುವ ಜಾಗ ಇವೆಲ್ಲವನ್ನೂ ನೀವೇ ಯೋಚಿಸಬೇಕಾಗುತ್ತದೆ. ಎರಡನೆಯದಾಗಿ, ಸೆಟ್ಟಿಗೆ ಹೋಗುವ ಯಾವುದೇ ಕೆಲಸ ಒಳ್ಳೆಯದು: ಗ್ರೇ ಬಾಲ್ (ಬೆಳಕನ್ನು ದಾಖಲಿಸಲು ಬಳಸುವ ಬೂದು ಚೆಂಡು) ಹಿಡಿದು ನಿಲ್ಲುವುದೇ ಆಗಲಿ, ಲೆನ್ಸ್ ವಿವರ ಬರೆದುಕೊಳ್ಳುವುದೇ ಆಗಲಿ, ಕ್ಲೀನ್ ಪ್ಲೇಟ್ (ನಟರಿಲ್ಲದ ಖಾಲಿ ಚಿತ್ರಣ) ತೆಗೆಸುವುದೇ ಆಗಲಿ. ಬಿಸಿಲಲ್ಲಿ ನಿಂತು ನೋಡಿದವರಿಗೆ, ಮಾನಿಟರಿನ ಮುಂದೆ ‘ಇದನ್ನೇಕೆ ಸರಿಯಾಗಿ ತೆಗೆದಿಲ್ಲ’ ಎಂದು ಬೈದುಕೊಂಡಿದ್ದ ಪ್ಲೇಟ್‌ಗಳ (ಸೆಟ್ಟಿನಿಂದ ಬಂದ ಮೂಲ ಚಿತ್ರಣಗಳ) ಹಿಂದಿನ ಕಾರಣ ತಿಳಿಯುತ್ತದೆ.

ಫಿಲ್ಮ್ ಸ್ಕೂಲಿಗೆ ಹೋಗಲೇಬೇಕಾ?

ಹೋಗಲೇಬೇಕೆಂದಿಲ್ಲ. ಜೋ ಜಾನ್‌ಸ್ಟನ್ ಅವರು ಹೆಸರು ಮಾಡಿದ ಮೇಲೂ ಕೆಲಸ ನಿಲ್ಲಿಸಿ, ಜಾರ್ಜ್ ಲ್ಯೂಕಾಸ್ ಅವರ ನೆರವಿನಿಂದ ದಕ್ಷಿಣ ಕ್ಯಾಲಿಫೋರ್ನಿಯಾ ವಿಶ್ವವಿದ್ಯಾಲಯದಲ್ಲಿ ಸಿನಿಮಾ ಓದಿದರು. ಯಮಾಜಾಕಿ ಅವರು ಕಲಾಶಾಲೆಯಲ್ಲಿ ಓದಿ ನೇರವಾಗಿ ಎಫೆಕ್ಟ್ಸ್ ಸ್ಟುಡಿಯೊ ಸೇರಿದವರು. ಎರಡೂ ನಡೆದಿದೆ. ನಮ್ಮಲ್ಲಿ ಹೆಸರಘಟ್ಟದ ಸರ್ಕಾರಿ ಸಂಸ್ಥೆ ಮತ್ತು ಪುಣೆಯ ಸಂಸ್ಥೆ ಇವೆ. ಆದರೆ ಸಂಸಾರ ಮತ್ತು ಸಾಲದ ಕಂತು ಇರುವ ಮೂವತ್ತರ ಹರೆಯದವರಿಗೆ ಪೂರ್ಣಾವಧಿ ಓದು ಕಷ್ಟವೆಂಬುದನ್ನು ನಾನು ಬಲ್ಲೆ. ಅಂಥವರಿಗೆ ನನ್ನ ಸಲಹೆ ರಂಗಭೂಮಿ. ಅದರ ಬಗ್ಗೆ ಮುಂದೆ ವಿವರವಾಗಿ ಬರೆದಿದ್ದೇನೆ.

## ಕೆಲಸದಲ್ಲಿದ್ದುಕೊಂಡೇ ಸಿದ್ಧವಾಗುವವರಿಗೆ

ಹನ್ನೆರಡು ಗಂಟೆ ಕೆಲಸ ಮುಗಿಸಿ ಮನೆಗೆ ಬಂದರೆ ಒಂದು ಸಾಲೂ ಬರೆಯಲಾಗುವುದಿಲ್ಲ. ನನ್ನಲ್ಲೇ ಛಲ ಕಡಿಮೆಯಾ?

ಇಲ್ಲ, ಇದು ನಿಮ್ಮ ತಪ್ಪಲ್ಲ. ಶಾಟ್‌ಗಳನ್ನು ಒಪ್ಪಿಸುವ ಡೆಲಿವರಿಗೆ ಮುಂಚಿನ ವಾರಗಳಲ್ಲಿ ಮನುಷ್ಯನ ತಲೆಯಲ್ಲಿ ಬೇರೆ ಏನೂ ಉಳಿಯದು. ನನ್ನ ಮೊದಲ ಕಿರುಚಿತ್ರಕ್ಕೆ ನಟರು, ಮನೆ, ಕ್ಯಾಮೆರಾ ಎಲ್ಲ ಹೊಂದಿಸಿಕೊಂಡಿದ್ದ ಎರಡು ದಿನಗಳ ರಜೆಯನ್ನು ಆಗ ನಾನಿದ್ದ ಸ್ಟುಡಿಯೊ ಹಿಂದಿನ ರಾತ್ರಿ ರದ್ದು ಮಾಡಿತು. ನಟರಿಗೆ ಕರೆ ಮಾಡಿ ಕ್ಷಮೆ ಕೇಳಿದ ಆ ಸಂಜೆಯನ್ನು ನಾನು ಮರೆತಿಲ್ಲ.

ಆಮೇಲೆ ನಾನು ಕಂಡುಕೊಂಡದ್ದು ಇಷ್ಟು. ಒಂದು ಪ್ರಾಜೆಕ್ಟ್ ಮುಗಿದು ಇನ್ನೊಂದು ಬರುವ ನಡುವೆ ಕೆಲಸ ತೆಳುವಾಗಿರುವ ಎರಡು ಮೂರು ವಾರಗಳಿರುತ್ತವೆ. ಬರವಣಿಗೆಯನ್ನು ಆ ವಾರಗಳಿಗೆ ಮೀಸಲಿಟ್ಟೆ. ಒತ್ತಡದ ದಿನಗಳಲ್ಲಿ ಬರೆಯಲು ಯತ್ನಿಸದೆ, ಬಸ್ಸಿನಲ್ಲೋ ಚಹಾದ ಅಂಗಡಿಯಲ್ಲೋ ಕೇಳಿದ ಮಾತುಗಳನ್ನು ಮಾತ್ರ ಟಿಪ್ಪಣಿ ಮಾಡಿಕೊಂಡೆ. ಮನೆಯಲ್ಲಿ ನ್ಯೂಕ್ (ಕಂಪೋಸಿಟಿಂಗ್ ಸಾಫ್ಟ್‌ವೇರ್) ತೆರೆಯುವುದನ್ನು ಪೂರ್ತಿ ನಿಲ್ಲಿಸಿದೆ. ನಮ್ಮಂಥವರಿಗೆ ಕಥೆ ತೋಚದಿದ್ದಾಗ ಸಾಫ್ಟ್‌ವೇರಿಗೆ ಓಡುವ ಅಭ್ಯಾಸವಿದೆ. ಅದು ದುಡಿದ ತೃಪ್ತಿ ಕೊಡುತ್ತದೆ, ಕಥೆ ಮಾತ್ರ ಇದ್ದಲ್ಲೇ ಇರುತ್ತದೆ.

ಸ್ಟುಡಿಯೊದಲ್ಲಿ ಮಾಡಿದ ಶಾಟ್‌ಗಳ ಶೋರೀಲ್ ತೋರಿಸಿ ನಿರ್ಮಾಪಕರ ಹತ್ತಿರ ನಿರ್ದೇಶನದ ಅವಕಾಶ ಕೇಳಬಹುದೇ?

ಶೋರೀಲ್ ನೋಡಿದ ನಿರ್ಮಾಪಕರು ನಿಮಗೆ ಇನ್ನಷ್ಟು ವಿಎಫ್‌ಎಕ್ಸ್ ಕೆಲಸ ಕೊಡುತ್ತಾರೆ, ಅಷ್ಟೆ. ಬಿಡುಗಡೆಗೆ ಮೊದಲು ಶಾಟ್‌ಗಳನ್ನು ಹೊರಗೆ ತೋರಿಸುವುದು ಗೋಪ್ಯತಾ ಒಪ್ಪಂದದ ಉಲ್ಲಂಘನೆಯೂ ಹೌದು. ಇಬ್ಬರು ಪಾತ್ರಧಾರಿಗಳು ಒಂದು ಕೋಣೆಯಲ್ಲಿ ಮಾತನಾಡುವ, ಒಂದೂ ಎಫೆಕ್ಟ್ ಇಲ್ಲದ, ನಾಲ್ಕು ನಿಮಿಷದ ದೃಶ್ಯವೊಂದನ್ನು ಚೆನ್ನಾಗಿ ಮಾಡಿ ತೋರಿಸಿ. ನಿಮ್ಮ ಬಗ್ಗೆ ಅವರಿಗಿರುವ ಸಂದೇಹ ಇರುವುದೇ ಅಲ್ಲಿ.

ಕೆಲಸ ಬಿಡುವುದು ಯಾವಾಗ?

ಒಂದು ಕಾಲದಲ್ಲಿ ನಾನು ‘ಕೆಲಸ ಭದ್ರ, ನಿರ್ದೇಶನ ಅಭದ್ರ’ ಎಂದು ನಂಬಿದ್ದೆ. ಅದು ಪೂರ್ತಿ ನಿಜವಲ್ಲ. 2013ರ ಫೆಬ್ರವರಿಯಲ್ಲಿ ‘ಲೈಫ್ ಆಫ್ ಪೈ’ ಚಿತ್ರದ ಎಫೆಕ್ಟ್ಸ್‌ಗೆ ಆಸ್ಕರ್ ಬಂದಾಗ, ಅದನ್ನು ಮಾಡಿದ ರಿದಮ್ ಅಂಡ್ ಹ್ಯೂಸ್ ಸ್ಟುಡಿಯೊ ದಿವಾಳಿ ಅರ್ಜಿ ಹಾಕಿ ಎರಡು ವಾರವೂ ಆಗಿರಲಿಲ್ಲ. 2025ರ ಫೆಬ್ರವರಿಯಲ್ಲಿ ಎಫೆಕ್ಟ್ಸ್ ಸ್ಟುಡಿಯೊಗಳನ್ನು ನಡೆಸುತ್ತಿದ್ದ ಟೆಕ್ನಿಕಲರ್ ಸಮೂಹ ಕುಸಿದಾಗ ಬೆಂಗಳೂರಿನಲ್ಲೂ ಬಹಳಷ್ಟು ಕಲಾವಿದರು ರಾತ್ರೋರಾತ್ರಿ ಕೆಲಸ ಕಳೆದುಕೊಂಡರು.

ಹಾಗೆಂದು ಆವೇಶದಲ್ಲಿ ರಾಜೀನಾಮೆ ಕೊಡಬೇಡಿ. ನಾನು ಒಂದು ವರ್ಷದ ಮನೆಖರ್ಚು ಬ್ಯಾಂಕಿನಲ್ಲಿ ಇಟ್ಟು, ಎರಡನೆಯ ಕಿರುಚಿತ್ರ ಮುಗಿಸಿ, ಮೂರನೆಯದರ ಚಿತ್ರಕಥೆ ಕೈಯಲ್ಲಿ ಹಿಡಿದು ಹೊರಬಂದೆ. ಈಗಲೂ ವರ್ಷದಲ್ಲಿ ಕೆಲವು ತಿಂಗಳು ಕನ್ನಡ ಚಿತ್ರಗಳಿಗೆ ಆನ್‌ಸೆಟ್ ಮೇಲ್ವಿಚಾರಣೆ ಮಾಡುತ್ತೇನೆ. ಅದರಿಂದ ಅಕ್ಕಿ ಬೇಳೆಯ ಚಿಂತೆ ತಪ್ಪುತ್ತದೆ, ಸೆಟ್ಟಿನ ಸಂಪರ್ಕವೂ ಉಳಿಯುತ್ತದೆ. ಸಮಯದ ವಿಷಯದಲ್ಲಿ ಒಂದು ಲೆಕ್ಕ ನೆನಪಿರಲಿ. ಯಮಾಜಾಕಿ ಅವರು 1986ರಲ್ಲಿ ಶಿರೋಗುಮಿ ಸ್ಟುಡಿಯೊ ಸೇರಿದರು, ಅವರ ಮೊದಲ ಚಿತ್ರ ‘ಜುವೆನೈಲ್’ ಬಂದದ್ದು 2000ದಲ್ಲಿ. ಗರೆತ್ ಎಡ್ವರ್ಡ್ಸ್ ಅವರ ಪದವಿ ಮುಗಿದದ್ದು 1996ರಲ್ಲಿ, ಮೊದಲ ಚಿತ್ರ ‘ಮಾನ್‌ಸ್ಟರ್ಸ್’ ಬಂದದ್ದು 2010ರಲ್ಲಿ. ಇಬ್ಬರಿಗೂ 14 ವರ್ಷ ಹಿಡಿಯಿತು.

ನಟರ ಹತ್ತಿರ ಮಾತನಾಡಲು ಭಯವಾಗುತ್ತದೆ. ಅವರಿಗೆ ಏನು ಹೇಳಬೇಕು ಅಂತಲೇ ಗೊತ್ತಾಗುವುದಿಲ್ಲ.

ನನಗೆ ಬಂದ ಎಲ್ಲ ಪ್ರಶ್ನೆಗಳಲ್ಲಿ ಅತಿ ಪ್ರಾಮಾಣಿಕವಾದದ್ದು ಇದು, ಮತ್ತು ಈ ಇಡೀ ಹಾದಿಯ ಗಂಟು ಇರುವುದೂ ಇಲ್ಲೇ. ಹತ್ತು ವರ್ಷ ನಾವು ಪಿಕ್ಸೆಲ್‌ಗಳೊಂದಿಗೆ ಮಾತನಾಡಿರುತ್ತೇವೆ. ಪಿಕ್ಸೆಲ್‌ಗೆ ‘ಎಡಕ್ಕೆ ಎರಡು ಸರಿ’ ಎಂದರೆ ಸರಿಯುತ್ತದೆ. ಇದೇ ಭಾಷೆಯನ್ನು ನಾವು ನಟರ ಮೇಲೂ ಪ್ರಯೋಗಿಸುತ್ತೇವೆ. ನನ್ನ ಮೊದಲ ಕಿರುಚಿತ್ರದಲ್ಲಿ ತಾಯಿಯ ಪಾತ್ರ ಮಾಡಿದ ಹಿರಿಯ ರಂಗನಟಿಯೊಬ್ಬರಿಗೆ ನಾನು ‘ಅಮ್ಮ, ಇನ್ನೂ 12 ಫ್ರೇಮ್ ತಡೆದು ತಿರುಗಿ’ ಎಂದಿದ್ದೆ. ಅವರು ಬೇಸರಿಸಿಕೊಳ್ಳದೆ ಕೇಳಿದರು: ‘ತಿರುಗುತ್ತೇನಪ್ಪಾ, ಆದರೆ ಆ ಹೊತ್ತಿನಲ್ಲಿ ನಾನು ಏನನ್ನು ಯೋಚಿಸುತ್ತಿರಲಿ?’ ನನ್ನ ಬಳಿ ಉತ್ತರವಿರಲಿಲ್ಲ. ಚಿತ್ರಕಥೆಯನ್ನು ನಾನೇ ಬರೆದಿದ್ದರೂ, ಆ ತಾಯಿ ಮಗನ ಪತ್ರವನ್ನು ಓದಿದ್ದಾಳೋ ಇಲ್ಲವೋ ಎಂಬುದನ್ನೇ ನಾನು ತೀರ್ಮಾನಿಸಿರಲಿಲ್ಲ.

ಅದಾದ ಮೇಲೆ ಒಂದು ವರ್ಷ ನಾನು ಬೆಂಗಳೂರಿನ ಹವ್ಯಾಸಿ ನಾಟಕ ತಂಡವೊಂದರ ತಾಲೀಮಿಗೆ ಹೋಗಿ ಮೂಲೆಯಲ್ಲಿ ಕುಳಿತೆ. ಬೆಳಕಿನ ಕೆಲಸಕ್ಕೆ ಕೈ ಜೋಡಿಸಿದ್ದರಿಂದ ಯಾರಿಗೂ ನನ್ನ ಇರವು ಹೊರೆಯಾಗಲಿಲ್ಲ. ಒಂದೇ ಮಾತನ್ನು ನಟನೊಬ್ಬ ಇಪ್ಪತ್ತು ದಿನ ಹೇಳುತ್ತಾ ಹೋದಾಗ ಅದರ ಅರ್ಥ ಹೇಗೆ ಬದಲಾಗುತ್ತದೆ ಎಂಬುದನ್ನು ಅಲ್ಲಿ ನೋಡಿದೆ. ನಿರ್ದೇಶಕರು ‘ಇನ್ನೂ ದುಃಖದಿಂದ ಹೇಳು’ ಎನ್ನುತ್ತಿರಲಿಲ್ಲ. ‘ಅವನು ಹೊರಡದಂತೆ ಮಾಡು’ ಎನ್ನುತ್ತಿದ್ದರು. ಭಾವನೆಯನ್ನು ಹೆಸರಿಸುವ ಬದಲು ಪಾತ್ರಕ್ಕೆ ಏನು ಬೇಕು ಎಂಬುದನ್ನು ಹೇಳುವ ಈ ಒಂದು ವ್ಯತ್ಯಾಸ ನನಗೆ ಯಾವ ಪುಸ್ತಕದಿಂದಲೂ ಸಿಕ್ಕಿರಲಿಲ್ಲ.

ಕನ್ನಡ ನಾಡಿನಲ್ಲಿ ಈ ವಿಷಯದಲ್ಲಿ ನಾವು ಭಾಗ್ಯವಂತರು. ಹೆಗ್ಗೋಡಿನ ನೀನಾಸಮ್, ಮೈಸೂರಿನ ರಂಗಾಯಣ, ಊರೂರಿನ ಹವ್ಯಾಸಿ ತಂಡಗಳು, ಕರಾವಳಿಯ ಯಕ್ಷಗಾನ ಮೇಳಗಳು ಎಲ್ಲವೂ ಕೈಗೆಟುಕುವ ದೂರದಲ್ಲಿವೆ. ರಾತ್ರಿಯಿಡೀ ನಡೆಯುವ ಆಟವೊಂದರಲ್ಲಿ ಒಬ್ಬ ವೇಷಧಾರಿ ಎದುರಿನವನ ಮಾತು ಕೇಳಿ ತನ್ನ ಮಾತನ್ನು ಆ ಕ್ಷಣದಲ್ಲೇ ಹೊಸೆಯುವುದನ್ನು ನೋಡಿದರೆ, ನಟನೆ ಎಂದರೆ ಕೇಳಿಸಿಕೊಳ್ಳುವುದು ಎಂಬುದು ತಾನಾಗಿ ಮನವರಿಕೆಯಾಗುತ್ತದೆ. ಸಾಧ್ಯವಾದರೆ ಸಣ್ಣದೊಂದು ಪಾತ್ರವನ್ನು ನೀವೇ ಮಾಡಿ. ಬೆಳಕಿನಡಿಯಲ್ಲಿ ನಿಂತಾಗ ಕೈಗಳನ್ನು ಎಲ್ಲಿಡಬೇಕೆಂದು ತಿಳಿಯದ ಆ ಸಂಕಟವನ್ನು ಒಮ್ಮೆ ಅನುಭವಿಸಿದವರು ನಟರೊಂದಿಗೆ ಎಂದೂ ಒರಟಾಗಿ ನಡೆದುಕೊಳ್ಳುವುದಿಲ್ಲ.

## ಮೊದಲ ಚಿತ್ರ ಮಾಡುವವರಿಗೆ

ಮೊದಲ ಕಿರುಚಿತ್ರದಲ್ಲಿ ವಿಎಫ್‌ಎಕ್ಸ್ ಎಷ್ಟಿರಬೇಕು?

ನನ್ನ ಮೊದಲ ಕಿರುಚಿತ್ರದಲ್ಲಿ 70 ಎಫೆಕ್ಟ್ಸ್ ಶಾಟ್‌ಗಳಿದ್ದವು, ಬಹುಪಾಲು ಪ್ರವಾಹದ ದೃಶ್ಯಗಳು. ನೋಡಿದವರೆಲ್ಲ ‘ನೀರು ಬಹಳ ಚೆನ್ನಾಗಿದೆ’ ಎಂದರು, ಕಥೆಯ ಬಗ್ಗೆ ಯಾರೂ ಮಾತೆತ್ತಲಿಲ್ಲ. ಎರಡನೆಯದು ಎಂಬತ್ತರ ದಶಕದ ಮಲೆನಾಡಿನ ಮನೆಯೊಂದರಲ್ಲಿ ನಡೆಯುತ್ತದೆ. ಅದರಲ್ಲಿ ಡಿಶ್ ಆಂಟೆನಾ, ಮೊಬೈಲ್ ಟವರ್, ಅಂಗಳದ ಸಿಮೆಂಟ್ ಅಳಿಸಿದ 14 ಶಾಟ್‌ಗಳು ಮಾತ್ರ ಇವೆ. ಎಫೆಕ್ಟ್ಸ್ ಇದೆಯೆಂದು ಪ್ರೇಕ್ಷಕರಲ್ಲಿ ಯಾರಿಗೂ ತಿಳಿಯಲಿಲ್ಲ, ಚರ್ಚೆ ಪೂರ್ತಿ ಆ ಮನೆಯ ಅಣ್ಣತಮ್ಮಂದಿರ ಪಾಲಿನ ಬಗ್ಗೆ ನಡೆಯಿತು.

ಪರೀಕ್ಷೆ ಸರಳವಾಗಿದೆ. ಎಫೆಕ್ಟ್ ಬರಬೇಕಾದ ಜಾಗದಲ್ಲೆಲ್ಲ ಬೂದು ಬಣ್ಣದ ಡಬ್ಬಿಗಳನ್ನು ಇಟ್ಟು, ಆ ಕಟ್ ಅನ್ನು ಸಿನಿಮಾದವರಲ್ಲದ ನಾಲ್ವರಿಗೆ ತೋರಿಸಿ. ಆಗಲೂ ಅವರು ಕೊನೆಯವರೆಗೆ ಕುಳಿತರೆ ಆ ಶಾಟ್‌ಗಳನ್ನು ಮಾಡಿ.

ಗರೆತ್ ಎಡ್ವರ್ಡ್ಸ್ ಮನೆಯಲ್ಲಿ ಕುಳಿತು ಒಬ್ಬರೇ ಎಲ್ಲ ಎಫೆಕ್ಟ್ಸ್ ಮಾಡಿದರಂತೆ. ನಾನೂ ಹಾಗೇ ಮಾಡಬಹುದಾ?

ಅವರು ಏನು ಮಾಡಿದರು ಎಂಬುದನ್ನು ಮೊದಲು ಸರಿಯಾಗಿ ನೋಡೋಣ. ಬಿಬಿಸಿಯ ಸಾಕ್ಷ್ಯಚಿತ್ರಗಳಿಗೆ ವರ್ಷಗಟ್ಟಲೆ ಎಫೆಕ್ಟ್ಸ್ ಮಾಡಿ ಪಳಗಿದ್ದ ಅವರು, 2008ರಲ್ಲಿ 48 ಗಂಟೆಗಳಲ್ಲಿ ಚಿತ್ರ ಮಾಡುವ ಸ್ಪರ್ಧೆಯೊಂದನ್ನು ಗೆದ್ದರು. ‘ಮಾನ್‌ಸ್ಟರ್ಸ್’ ಚಿತ್ರವನ್ನು ಐದು ಲಕ್ಷ ಡಾಲರಿಗಿಂತ ಕಡಿಮೆ ಹಣದಲ್ಲಿ, ಒಂದು ವಾಹನದಲ್ಲಿ ಹಿಡಿಸುವಷ್ಟು ಜನರೊಂದಿಗೆ ಮಧ್ಯ ಅಮೆರಿಕದ ಊರುಗಳನ್ನು ಸುತ್ತಿ ತೆಗೆದರು. ವೃತ್ತಿನಟರು ಇಬ್ಬರೇ, ಉಳಿದ ಪಾತ್ರಗಳಿಗೆ ದಾರಿಯಲ್ಲಿ ಸಿಕ್ಕ ಸ್ಥಳೀಯರು. ಮಾತುಗಳನ್ನು ಬಹುಪಾಲು ಸ್ಥಳದಲ್ಲೇ ಹುಟ್ಟಿಸಿದರು. ಸುಮಾರು 100 ಗಂಟೆಗಳ ಚಿತ್ರಣವನ್ನು ಸಂಕಲನದಲ್ಲಿ ಚಿತ್ರವಾಗಿಸಿ, ಸುಮಾರು 250 ಎಫೆಕ್ಟ್ಸ್ ಶಾಟ್‌ಗಳನ್ನು ಅಂಗಡಿಯಲ್ಲಿ ಸಿಗುವ ಸಾಫ್ಟ್‌ವೇರ್‌ಗಳಿಂದ ತಾವೇ ಮಾಡಿದರು.

ಎಲ್ಲರೂ ಇದರಲ್ಲಿ ‘ಒಬ್ಬರೇ ಮಾಡಿದರು’ ಎಂಬುದನ್ನು ಮಾತ್ರ ಹಿಡಿದುಕೊಳ್ಳುತ್ತಾರೆ. ನನಗೆ ಮುಖ್ಯವಾಗಿ ಕಾಣುವುದು ಬೇರೆ. ದೈತ್ಯ ಜೀವಿಗಳು ಆ ಚಿತ್ರದಲ್ಲಿ ತೆರೆಯ ಮೇಲೆ ಬಹಳ ಕಡಿಮೆ ಹೊತ್ತು ಇರುತ್ತವೆ. ಶಾಟ್‌ಗಳಲ್ಲಿ ಬಹಳಷ್ಟು ರಸ್ತೆಬದಿಯ ಫಲಕ, ದೂರದ ಗೋಡೆ, ಮುರಿದು ಬಿದ್ದ ವಾಹನಗಳಂಥವು. ಅಲ್ಲಿ ನಿಜವಾಗಿ ಇದ್ದ ಊರಿಗೆ ಒಂದು ಚಿಕ್ಕ ಸೇರ್ಪಡೆ ಮಾಡಿ ಜಗತ್ತನ್ನೇ ಬದಲಿಸಿದಂತೆ ಕಾಣಿಸುವವು. ಯಾವ ಶಾಟ್ ಎಷ್ಟು ರಾತ್ರಿಗಳನ್ನು ನುಂಗುತ್ತದೆ ಎಂದು ಬಲ್ಲವರು ಬರೆದ ಚಿತ್ರ ಅದು. ನೀವು ಮಾಡಬೇಕಾದದ್ದು ಆ ಲೆಕ್ಕಾಚಾರವನ್ನು. 250 ಶಾಟ್‌ಗಳನ್ನು ಒಂಟಿಯಾಗಿ ಮಾಡುವುದು ನಿಮ್ಮ ಕಣ್ಣು ಮತ್ತು ಬೆನ್ನಿಗೆ ಬಿಟ್ಟದ್ದು.

ಕಿರುಚಿತ್ರ ನೋಡಿ ಯಾರಾದರೂ ನಿಜವಾಗಿ ಕರೆದು ಅವಕಾಶ ಕೊಡುತ್ತಾರಾ?

ಕೊಟ್ಟ ಉದಾಹರಣೆಗಳಿವೆ. ಉರುಗ್ವೆಯ ಫೆಡೆ ಅಲ್ವಾರೆಸ್ ಅವರು ಮೊಂಟೆವಿಡಿಯೊ ನಗರದ ಮೇಲೆ ಯಂತ್ರಮಾನವರು ದಾಳಿ ಮಾಡುವ ಐದು ನಿಮಿಷಕ್ಕೂ ಚಿಕ್ಕದಾದ ಚಿತ್ರವನ್ನು 2009ರಲ್ಲಿ ಯೂಟ್ಯೂಬಿಗೆ ಹಾಕಿದರು. ಅದರಿಂದ ಹಾಲಿವುಡ್ ಕರೆ ಬಂದು, 2013ರಲ್ಲಿ ‘ಈವಿಲ್ ಡೆಡ್’ ನಿರ್ದೇಶಿಸಿದರು. ಬ್ಲೋಮ್‌ಕ್ಯಾಂಪ್ ಅವರು ಜೋಹಾನ್ಸ್‌ಬರ್ಗಿನ ಬೀದಿಗಳಲ್ಲಿ ತೆಗೆದ ಕಿರುಚಿತ್ರವೇ ‘ಡಿಸ್ಟ್ರಿಕ್ಟ್ 9’ (2009) ಚಿತ್ರದ ಬೀಜ. ಆದರೆ ಆ ಅವಕಾಶ ನೇರವಾಗಿ ಬಂದದ್ದಲ್ಲ. ಚಿತ್ರದ ನಿರ್ಮಾಪಕ ಪೀಟರ್ ಜಾಕ್ಸನ್ ಅವರು ಬ್ಲೋಮ್‌ಕ್ಯಾಂಪ್‌ರನ್ನು ಮೊದಲು ಬೇರೆಯದೇ ದೊಡ್ಡ ಚಿತ್ರಕ್ಕೆ ಆರಿಸಿದ್ದರು. ಅದು ನಿಂತುಹೋದಾಗ, ಸುಮಾರು ಮೂರು ಕೋಟಿ ಡಾಲರ್ ವೆಚ್ಚದ ಈ ಚಿತ್ರಕ್ಕೆ ಕೈಹಾಕಿದರು. ಅದು ಅತ್ಯುತ್ತಮ ಚಿತ್ರವೂ ಸೇರಿದಂತೆ ನಾಲ್ಕು ವಿಭಾಗಗಳಲ್ಲಿ ಆಸ್ಕರ್ ನಾಮನಿರ್ದೇಶನ ಪಡೆಯಿತು.

ಬ್ಲೋಮ್‌ಕ್ಯಾಂಪ್ ತಾವು ಹುಟ್ಟಿ ಬೆಳೆದ ನಗರದ ಗಾಯವನ್ನು ಬಲ್ಲವರಾಗಿದ್ದರು. ಅನ್ಯಗ್ರಹದ ಜೀವಿಗಳು ಅದರ ಮೇಲೆ ಬಂದು ಕುಳಿತವು. ನ್ಯೂಯಾರ್ಕ್ ನಾಶವಾಗುವ ಕಿರುಚಿತ್ರ ಮಾಡುವ ನಮ್ಮ ಹುಡುಗರಿಗೆ ನಾನು ಕೇಳುವುದಿಷ್ಟೇ: ನಿಮ್ಮ ಊರಿನ ಕೆರೆ, ಕೆಪಿಟಿಸಿಎಲ್ ಟವರ್‌ಗಳ ಸಾಲು, ತುಂಗಭದ್ರೆಯ ಕಾಲುವೆ, ಇವುಗಳನ್ನು ನಿಮಗಿಂತ ಚೆನ್ನಾಗಿ ಬಲ್ಲವರು ಯಾರು?

## ದೊಡ್ಡ ಚಿತ್ರದ ಹೊಸ್ತಿಲಲ್ಲಿರುವವರಿಗೆ

ನಿರ್ಮಾಪಕರು ‘ನೀನು ಗ್ರಾಫಿಕ್ಸ್ ಹುಡುಗ, ಕಥೆ ನಿನಗ್ಯಾಕೆ’ ಅಂತಾರೆ. ಏನು ಉತ್ತರ ಕೊಡಲಿ?

ವಾದ ಮಾಡಬೇಡಿ. ಚಿತ್ರಕಥೆಯ ಜೊತೆಗೆ ವೆಚ್ಚದ ಪಟ್ಟಿಯನ್ನೂ ಮುಂದಿಡಿ. ಯಾವ ದೃಶ್ಯದಲ್ಲಿ ಎಷ್ಟು ಶಾಟ್, ಪ್ರತಿ ಶಾಟಿಗೆ ಎಷ್ಟು ಮ್ಯಾನ್‌ಡೇ (ಒಬ್ಬ ಕಲಾವಿದನ ಒಂದು ದಿನದ ದುಡಿಮೆ), ಯಾವುದನ್ನು ಸೆಟ್ಟಿನಲ್ಲೇ ಪರಿಹರಿಸಬಹುದು, ಯಾವುದನ್ನು ಕೈಬಿಟ್ಟರೂ ಕಥೆಗೆ ನಷ್ಟವಿಲ್ಲ ಎಂಬುದನ್ನು ಸಾಲಾಗಿ ಬರೆದು ತೋರಿಸಬಲ್ಲ ಹೊಸ ನಿರ್ದೇಶಕ ಕನ್ನಡದ ನಿರ್ಮಾಪಕರಿಗೆ ಅಪರೂಪ. ‘ಪೋಸ್ಟ್‌ನಲ್ಲಿ ನೋಡಿಕೊಳ್ಳೋಣ’ ಎಂಬ ಮಾತಿನಿಂದ ಹಣ ಕಳೆದುಕೊಂಡವರು ಅವರಲ್ಲಿ ಬಹಳ ಮಂದಿ ಇದ್ದಾರೆ. ಆ ಮಾತನ್ನು ನೀವು ಆಡುವುದಿಲ್ಲ ಎಂಬುದೇ ನಿಮ್ಮ ಬೆಲೆ.

ನಿರ್ದೇಶಕನೇ ವಿಎಫ್‌ಎಕ್ಸ್ ಬಲ್ಲವನಾದರೆ ನಿಜವಾಗಿ ಹಣ ಉಳಿಯುತ್ತದಾ?

ಉಳಿಯುತ್ತದೆ, ಮತ್ತು ಅದರ ಅತ್ಯುತ್ತಮ ಸಾಕ್ಷಿ ‘ಗಾಡ್ಜಿಲ್ಲಾ ಮೈನಸ್ ಒನ್’ (2023). ಯಮಾಜಾಕಿ ಅವರೇ ಕಥೆ ಬರೆದು, ನಿರ್ದೇಶಿಸಿ, ಎಫೆಕ್ಟ್ಸ್ ಮೇಲ್ವಿಚಾರಣೆಯನ್ನೂ ಮಾಡಿದ ಆ ಚಿತ್ರದಲ್ಲಿ 610 ಎಫೆಕ್ಟ್ಸ್ ಶಾಟ್‌ಗಳಿದ್ದವು. ಮಾಡಿದವರು 35 ಕಲಾವಿದರ ಒಂದೇ ತಂಡ. ಇಡೀ ಚಿತ್ರದ ವೆಚ್ಚ ಒಂದೂವರೆ ಕೋಟಿ ಡಾಲರಿಗಿಂತ ಕಡಿಮೆ ಎಂದು ಅವರೇ ಹೇಳಿದ್ದಾರೆ.

ಇದರ ಒಳಗುಟ್ಟು ಸಾಫ್ಟ್‌ವೇರಿನಲ್ಲಿಲ್ಲ. ಸಾಮಾನ್ಯ ವ್ಯವಸ್ಥೆಯಲ್ಲಿ ಕಲಾವಿದ ಮಾಡಿದ್ದನ್ನು ಲೀಡ್ ನೋಡಿ, ಸೂಪರ್‌ವೈಸರ್ ನೋಡಿ, ಗ್ರಾಹಕರ ಸೂಪರ್‌ವೈಸರ್ ನೋಡಿ, ಕೊನೆಗೆ ಎಂದೋ ಒಂದು ದಿನ ನಿರ್ದೇಶಕರು ನೋಡಿ ‘ನಾನು ಅಂದುಕೊಂಡದ್ದು ಇದಲ್ಲ’ ಎನ್ನುತ್ತಾರೆ. ನಲವತ್ತನೆಯ ವರ್ಷನ್‌ವರೆಗೆ ಹೋದ ಶಾಟ್‌ಗಳನ್ನು ನಾನು ಮಾಡಿದ್ದೇನೆ. ಅದರಲ್ಲಿ ಮೂವತ್ತು ವರ್ಷನ್ ಕೇವಲ ಊಹೆಯ ಆಟ. ನಿರ್ದೇಶಕ ಅದೇ ಮಹಡಿಯಲ್ಲಿ ಕುಳಿತು, ಅರ್ಧ ಬೆಂದ ಶಾಟ್ ನೋಡಿಯೇ ಅದು ಎತ್ತ ಸಾಗುತ್ತದೆಂದು ಗ್ರಹಿಸಿ, ಸ್ಥಳದಲ್ಲೇ ಹೌದು ಅಥವಾ ಬೇಡ ಎಂದರೆ ಆ ಊಹೆಯ ಖರ್ಚು ಪೂರ್ತಿ ಉಳಿಯುತ್ತದೆ. ಎಡ್ವರ್ಡ್ಸ್ ಅವರು ಅದೇ ವರ್ಷದ ‘ದಿ ಕ್ರಿಯೇಟರ್’ನಲ್ಲಿ ಬೇರೆ ಬಗೆಯಲ್ಲಿ ಇದನ್ನೇ ಸಾಧಿಸಿದರು. ಮೊದಲು ಸಣ್ಣ ಕ್ಯಾಮೆರಾದೊಂದಿಗೆ ನಿಜವಾದ ಸ್ಥಳಗಳಲ್ಲಿ ಚಿತ್ರೀಕರಿಸಿ, ಸಂಕಲನ ಮಾಡಿ, ಉಳಿದುಕೊಂಡ ಶಾಟ್‌ಗಳ ಮೇಲೆ ಮಾತ್ರ ವಿನ್ಯಾಸ ಬಿಡಿಸಿದರು. ಅದರ ವೆಚ್ಚ ಎಂಟು ಕೋಟಿ ಡಾಲರ್. 2024ರ ಆಸ್ಕರ್‌ನಲ್ಲಿ ಈ ಎರಡೂ ಚಿತ್ರಗಳು ಎಫೆಕ್ಟ್ಸ್ ವಿಭಾಗದ ಐದು ನಾಮನಿರ್ದೇಶನಗಳಲ್ಲಿದ್ದವು.

ಮೊದಲ ಚಿತ್ರವೇ ಸೋತರೆ ವಾಪಸ್ ಸ್ಟುಡಿಯೊಗೆ ಹೋಗಬೇಕಾ?

ಹೋದರೆ ಅವಮಾನವೇನಿಲ್ಲ. ಡಗ್ಲಸ್ ಟ್ರಂಬುಲ್ ಅವರು ‘2001: ಎ ಸ್ಪೇಸ್ ಒಡಿಸ್ಸಿ’ಯ ಎಫೆಕ್ಟ್ಸ್ ಮಾಡಿ, 1972ರಲ್ಲಿ ‘ಸೈಲೆಂಟ್ ರನ್ನಿಂಗ್’ ನಿರ್ದೇಶಿಸಿ, ಮತ್ತೆ ಎಫೆಕ್ಟ್ಸ್‌ಗೆ ಮರಳಿ ‘ಬ್ಲೇಡ್ ರನ್ನರ್’ನಂಥ ಕೆಲಸ ಮಾಡಿದರು. 1983ರ ‘ಬ್ರೇನ್‌ಸ್ಟಾರ್ಮ್’ ನಂತರ ಹಾಲಿವುಡ್‌ನ ಕಥಾಚಿತ್ರ ನಿರ್ದೇಶನವನ್ನು ಬಿಟ್ಟು ತಂತ್ರಜ್ಞಾನದ ಸಂಶೋಧನೆಗೆ ತೊಡಗಿದ ಅವರ ಬದುಕನ್ನು ಯಾರೂ ಸೋಲೆಂದು ಕರೆಯಲಾರರು. ಎಫೆಕ್ಟ್ಸ್ ಕಲಾವಿದ ಫಿಲ್ ಟಿಪೆಟ್ ಅವರು ಇತರರ ಚಿತ್ರಗಳಿಗೆ ದುಡಿಯುತ್ತಲೇ ಸುಮಾರು 30 ವರ್ಷ ತಮ್ಮದೇ ‘ಮ್ಯಾಡ್ ಗಾಡ್’ ಚಿತ್ರವನ್ನು ಬಿಡದೆ ಹಿಡಿದು 2021ರಲ್ಲಿ ತೆರೆಗೆ ತಂದರು. ಎರಡು ಕೆಲಸಗಳ ನಡುವೆ ಹೋಗಿಬರುವುದೂ ಒಂದು ಜೀವನಕ್ರಮವೇ.

ನಿರ್ದೇಶಕನಾದ ಮೇಲೆ ಶಾಟ್‌ಗಳನ್ನು ನಾನೇ ಮುಟ್ಟುವುದನ್ನು ಬಿಡಬೇಕಾ? ಕೈ ಸುಮ್ಮನಿರುವುದಿಲ್ಲ.

ಕೈ ಸುಮ್ಮನಿರದಿರುವುದು ಸಹಜ. ನನ್ನ ಮೂರನೆಯ ಕಿರುಚಿತ್ರದಲ್ಲಿ ಕಂಪೋಸಿಟಿಂಗ್ ಮಾಡುತ್ತಿದ್ದ ಹುಡುಗಿ ಮನೆಗೆ ಹೋದ ಮೇಲೆ ಅವಳ ನ್ಯೂಕ್ ಕಡತ ತೆರೆದು ನಾನೇ ತಿದ್ದಿದೆ. ಬೆಳಿಗ್ಗೆ ಬಂದ ಅವಳು ಏನೂ ಹೇಳಲಿಲ್ಲ, ಆದರೆ ಅಂದಿನಿಂದ ತನ್ನದಾಗಿ ಏನನ್ನೂ ಸೂಚಿಸಲಿಲ್ಲ. ಅವಳಲ್ಲಿ ಕ್ಷಮೆ ಕೇಳಿದೆ. ಆ ಸಲುಗೆ ಮರಳಲು ವಾರಗಳು ಹಿಡಿದವು. ಈಗ ನಾನು ನೋಡಿ ಅಭಿಪ್ರಾಯ ಹೇಳುತ್ತೇನೆ, ಮೌಸ್ ಮುಟ್ಟುವುದಿಲ್ಲ.

ಈ ವಿಷಯದಲ್ಲೂ ನಾನು ಯಮಾಜಾಕಿ ಅವರನ್ನೇ ನೋಡುತ್ತೇನೆ. ಅವರ ತಂಡದ ಅತಿ ಕಿರಿಯರಲ್ಲೊಬ್ಬರಾದ ತತ್ಸುಜಿ ನೊಜಿಮಾ ಅವರು ಯಾರೂ ಹೇಳದೆ, ತಮ್ಮ ಆಸಕ್ತಿಗಾಗಿಯೇ ನೀರಿನ ಸಿಮ್ಯುಲೇಶನ್‌ಗಳನ್ನು ಮಾಡಿ ನೋಡುತ್ತಿದ್ದರು. ಅದನ್ನು ಕಂಡ ನಿರ್ದೇಶಕರು ಚಿತ್ರದಲ್ಲಿ ಸಮುದ್ರದ ದೃಶ್ಯಗಳನ್ನು ಹೆಚ್ಚಿಸಿದರು. ದೋಣಿಯನ್ನು ಬೆನ್ನಟ್ಟಿ ಬರುವ ಗಾಡ್ಜಿಲ್ಲಾದ ಬೆನ್ನ ಹಿಂದೆ ಒಡೆಯುವ ಅಲೆ ಹುಟ್ಟಿದ್ದು ಹಾಗೆ. 2024ರ ಮಾರ್ಚ್ 10ರಂದು, ಸ್ಟ್ಯಾನ್ಲಿ ಕುಬ್ರಿಕ್ ಅವರ ನಂತರ ಎಫೆಕ್ಟ್ಸ್ ವಿಭಾಗದಲ್ಲಿ ಆಸ್ಕರ್ ಪಡೆದ ಎರಡನೆಯ ನಿರ್ದೇಶಕರಾಗಿ ಯಮಾಜಾಕಿ ಅವರು ವೇದಿಕೆ ಏರಿದಾಗ, ಪ್ರಶಸ್ತಿ ಪಡೆದ ನಾಲ್ವರಲ್ಲಿ ಕಿಯೊಕೊ ಶಿಬುಯಾ ಮತ್ತು ಮಸಾಕಿ ತಕಾಹಾಶಿ ಅವರೊಂದಿಗೆ ನೊಜಿಮಾ ಅವರೂ ಇದ್ದರು.